ಹೆಪ್ಪುಗಟ್ಟದ ಮೀನಿನ ಊರಿನಲ್ಲಿ

ಬಂಗಾರಪೇಟೆ

ಫಾರಿನ್ನಿಗೆ ಹೋಗಿ ಬಂದವರು ಗಡಿಯಾರ ತರುತ್ತಾರೆ, ರೇಡಿಯೋ ತರುತ್ತಾರೆ, ಏನೂ ಸಿಗದಿದ್ದರೆ ಒಂದಿಷ್ಟು ಜಂಬವನ್ನಾದರೂ ತರುತ್ತಾರೆ. ಅರವತ್ತರ ದಶಕದ ಆರಂಭದಲ್ಲಿ ನಾರ್ವೆ ದೇಶಕ್ಕೆ ಹೋದ ನಾನು ತಂದದ್ದು ಒಂದು ಉಣ್ಣೆಯ ಮಫ್ಲರ್, ಜೊತೆಗೆ ಒಂದು ಮೀನಿನ ಸುದ್ದಿ. ಬೆಂಕಿಯಂಥ ಗಣಿ ಇರುವ ಊರಿಗೆ ಈ ಎರಡರಿಂದಲೂ ಏನು ಉಪಯೋಗ ಎಂದು ನೆಂಟರಿಷ್ಟರು ನಕ್ಕರು. ನಗಲಿ ಬಿಡಿ. ಈಗ ನೆನೆದರೆ ನನಗೂ ನಗು ಬರುತ್ತದೆ.

ನಮ್ಮದು ಮೂಲತಃ ಕ್ಯಾಸಂಬಳ್ಳಿ ಕಡೆಯ ಹಳ್ಳಿ. ಅಪ್ಪ ಚಿಕ್ಕ ವಯಸ್ಸಿನಲ್ಲೇ ರಾಗಿ ಹೊಲ ಬಿಟ್ಟು ಚಾಂಪಿಯನ್ ರೀಫ್ಸ್ ಚಿನ್ನದ ಗಣಿಗೆ ಇಳಿದವರು. ಬಹಳ ಆಳದ ಗಣಿ ಅದು. ಕೆಳಗೆ ಹೋದಷ್ಟೂ ಬಂಡೆಯೇ ಕಾದ ಕಾವಲಿಯ ಹಾಗೆ. ಅಪ್ಪ ಅಲ್ಲಿ ಬಂಡೆ ಕೊರೆಯುತ್ತಿದ್ದರು. ನಾನು ಮೊದಲು ಗಣಿಯೊಳಗೆ, ಆಮೇಲೆ ಮೇಲೆ, ಗಾಳಿಯನ್ನು ತಣ್ಣಗೆ ಮಾಡಿ ಕೆಳಗೆ ಕಳಿಸುವ ಯಂತ್ರಗಳಲ್ಲಿ ಫಿಟ್ಟರ್ ಆಗಿದ್ದೆ. ಅಂಥದೇ ಯಂತ್ರಗಳನ್ನು ಇಟ್ಟುಕೊಂಡು ಮೀನು ಹೆಪ್ಪುಗಟ್ಟಿಸುವ ಕಾರ್ಖಾನೆಯೊಂದು ನಾರ್ವೆಯ ಉತ್ತರ ತುದಿಯಲ್ಲಿತ್ತು. ಕೆಲಸ ಕಲಿತು ಬಾ ಎಂದು ಗಣಿಯ ಕಂಪನಿಯವರು ನನ್ನನ್ನು ಅಲ್ಲಿಗೆ ಕಳಿಸಿದರು.

ಗಣಿ ಊರಿನ ಸ್ಟೇಷನ್ ಮಾರಿಕುಪ್ಪಂನಲ್ಲಿ ರೈಲು ಹತ್ತಿ ಅಪ್ಪ ಅಮ್ಮ ಇಬ್ಬರೂ ಬಂಗಾರಪೇಟೆವರೆಗೆ ಬಂದರು. ಅಮ್ಮ ಹುರಿಹಿಟ್ಟು, ರಾಗಿ ಹಿಟ್ಟು, ಹುಚ್ಚೆಳ್ಳು ಚಟ್ನಿಪುಡಿ ಎಂದು ಗಂಟಿನ ಮೇಲೆ ಗಂಟು ಕಟ್ಟಿದ್ದಳು. ಮದರಾಸಿನ ಗಾಡಿ ಬರುವ ಹೊತ್ತಿಗೆ ಅವಳ ಕಣ್ಣು ತುಂಬಿಕೊಂಡವು.

"ಇರಾನೊಬ್ಬ ಮಗ. ಅವನ್ನೂ ಸಮುದ್ರದ್ ಮ್ಯಾಲೆ ಕಳಿಸ್ತಾವ್ರಲ್ಲ, ಏನಾದ್ರೂ ಆದ್ರೆ?" ಎಂದು ಅಪ್ಪನನ್ನು ಕೇಳಿದಳು.

"ಸಮುದ್ರದಾಗೆ ಬಿದ್ದೋನು ತೇಲಾದ್ರೂ ತೇಲ್ತಾನೆ ಕಣೆ. ನಮ್ಮಂಗಲ್ಲ" ಎಂದರು ಅಪ್ಪ. ಅವರ ಸಮಾಧಾನ ಯಾವಾಗಲೂ ಇದೇ ತರಹ.

ಗಾಡಿ ಹೊರಡುವಾಗ ಕಿಟಕಿಯ ಸರಳಿಗೆ ಕೈ ಇಟ್ಟು ಅಪ್ಪ ತಗ್ಗಿದ ದನಿಯಲ್ಲಿ ಹೇಳಿದರು: "ನೋಡ್ಲಾ, ಬರೋ ವರ್ಸ ನಂದು ರಿಟೈರು. ಬಿಸಿಗಾಳಿ ಕುಡ್ದೂ ಕುಡ್ದೂ ಸಾಕಾಗೈತೆ. ಅಷ್ಟ್ರಾಗೆ ಒಂದೇ ಒಂದ್ ದಿನ ಆದ್ರೂ, ನನ್ ಮಗ ಕಳ್ಸಿದ್ ತಣ್ಣನ್ ಗಾಳಿ ನನ್ ಕುತ್ಗೆಗೆ ತಾಕ್ಬೇಕು. ಚೆನ್ನಾಗಿ ಕಲ್ತ್ಕೊಂಡ್ ಬಾ."

ಅವರು ನನ್ನಲ್ಲಿ ಏನನ್ನಾದರೂ ಕೇಳಿದ್ದು ಅದೇ ಮೊದಲು. ಮದರಾಸಿನಲ್ಲಿ ಗಾಡಿ ಬದಲಿಸಿ ಬೊಂಬಾಯಿಯಲ್ಲಿ ಹಡಗು ಹತ್ತುವವರೆಗೂ ಆ ಮಾತು ಕಿವಿಯಲ್ಲೇ ಇತ್ತು.

ಉತ್ತರಕ್ಕೆ ಹೋಗುವ ಸ್ಟೀಮರು

ಸಮುದ್ರಯಾನದ ವಾಂತಿಯ ವರ್ಣನೆ ಮಾಡಿ ನಿಮ್ಮ ಊಟ ಕೆಡಿಸುವುದಿಲ್ಲ. ನಾರ್ವೆಯ ಬೆರ್ಗೆನ್ ಎಂಬ ರೇವಿನಲ್ಲಿ ಇನ್ನೊಂದು ಸ್ಟೀಮರು ಹತ್ತಿ, ಕರಾವಳಿಯನ್ನು ಸವರಿಕೊಂಡು ಉತ್ತರಕ್ಕೆ ಹೊರಟೆ. ನಮ್ಮ ಕಡೆ ರೈಲಿನಲ್ಲಿ ಕೂತರೆ ಎರಡು ಸ್ಟೇಷನ್ ದಾಟುವಷ್ಟರಲ್ಲಿ ಎದುರಿನವನ ಊರು, ಮಕ್ಕಳು, ಸಂಬಳ, ಅತ್ತೆಯ ಗುಣ ಎಲ್ಲವೂ ಗೊತ್ತಾಗಿರುತ್ತದೆ. ಇಲ್ಲಿ ನನ್ನೆದುರು ಕೂತ ಮನುಷ್ಯ ಒಂದು ಮಾತೂ ಆಡಲಿಲ್ಲ. ಊಟದ ಹೊತ್ತಿಗೆ ಬಂದು ಕೂರುತ್ತಿದ್ದ, ಪೈಪು ಸೇದುತ್ತಿದ್ದ, ಸಮುದ್ರ ನೋಡುತ್ತಿದ್ದ. ನನ್ನ ಬಣ್ಣ ಅವನಿಗೆ ಹಿಡಿಸಿಲ್ಲ ಎಂದುಕೊಂಡು ನಾನೂ ಸೆಟೆದುಕೊಂಡೆ. ಇಳಿಯುವ ರೇವು ಬಂದಾಗ ಅವನು ಎದ್ದು, ಟೋಪಿ ತೆಗೆದು, ನನ್ನ ಕೈ ಹಿಡಿದು ಕುಲುಕಿ ಹರಕು ಇಂಗ್ಲಿಷಿನಲ್ಲಿ ಹೇಳಿದ: "ನಿಮ್ಮ ಜೊತೆ ಪ್ರಯಾಣ ತುಂಬ ಚೆನ್ನಾಗಿತ್ತು."

ಆ ದೇಶದಲ್ಲಿ ಮೌನವಾಗಿ ಕೂರುವುದೇ ಸ್ನೇಹ ಎಂದು ನನಗೆ ಅರ್ಥವಾಗಲು ಆಮೇಲೆ ಕೆಲವು ತಿಂಗಳೇ ಬೇಕಾದವು.

ದಾರಿಯಲ್ಲಿ ಒಂದು ರೇವಿಗೆ ಹಡಗು ಹತ್ತಿರವಾದಾಗ ಇದ್ದಕ್ಕಿದ್ದಂತೆ ನನಗೆ ನಮ್ಮೂರ ಪಕ್ಕದ ಆಂಡರ್‌ಸನ್‌ಪೇಟೆ ಸಂತೆಯ ವಾಸನೆ ಬಂತು. ಭ್ರಮೆಯಲ್ಲ. ದಡದಲ್ಲಿ ಮರದ ಗೂಡಂಗಡಿಯಂಥ ಉಗ್ರಾಣ, ಅದರ ತುಂಬ ಒಣಗಿಸಿದ ಕಾಡ್ ಎಂಬ ಸಮುದ್ರದ ಮೀನು. ಬೆಳ್ಳಗಿನ ಜನರೆಲ್ಲ ಮೂಗು ಮುಚ್ಚಿಕೊಂಡು ಒಳಗೆ ಓಡಿದರು. ನಾನು ಕಟಕಟೆ ಹಿಡಿದು ನಿಂತು ಎದೆ ತುಂಬ ಉಸಿರೆಳೆದೆ. ಸಂತೆಯಲ್ಲಿ ಕರುವಾಡು ಎಂಬ ಒಣಮೀನು ಗುಡ್ಡೆ ಹಾಕಿಕೊಂಡು ಕೂರುತ್ತಿದ್ದ ತಮಿಳು ಹೆಂಗಸರು, ಅವರೊಡನೆ ಅಮ್ಮ ಮಾಡುತ್ತಿದ್ದ ಚೌಕಾಸಿ, ಆ ದಿನ ರಾತ್ರಿ ಮುದ್ದೆಯ ಜೊತೆ ಸಿಗಲಿದ್ದ ಒಣಮೀನಿನ ಹುಳಿ, ಎಲ್ಲ ಒಟ್ಟಿಗೆ ನೆನಪಾಗಿ ಕಣ್ಣಲ್ಲಿ ನೀರು ಬಂತು. ಇಷ್ಟು ದೂರ ಬಂದು ಒಣಮೀನಿಗೆ ಅತ್ತವನು ನಾನೊಬ್ಬನೇ ಇರಬೇಕು.

ವಾರ್ಡೋ

ಕಾರ್ಖಾನೆ ಇದ್ದ ವಾರ್ಡೋ ಎಂಬುದು ದ್ವೀಪದ ಮೇಲಿನ ಪುಟ್ಟ ಊರು. ನಾನು ಹೋದದ್ದು ಚಳಿಗಾಲದ ನಡುಮಧ್ಯೆ. ಆ ದಿನಗಳಲ್ಲಿ ಅಲ್ಲಿ ಸೂರ್ಯ ಹುಟ್ಟುವುದೇ ಇಲ್ಲ. ಮಧ್ಯಾಹ್ನ ಸ್ವಲ್ಪ ಹೊತ್ತು ಆಕಾಶ ನೀಲಿಯಾಗಿ ಮತ್ತೆ ಕಪ್ಪಾಗುತ್ತದೆ. ಜನ ದೀಪ ಹಚ್ಚಿಕೊಂಡೇ ಅಂಗಡಿಗೆ ಹೋಗುತ್ತಾರೆ, ಮಕ್ಕಳು ಕತ್ತಲಲ್ಲೇ ಶಾಲೆಗೆ ಹೋಗುತ್ತವೆ. ನಿಮಗೆ ಕಷ್ಟವಾಗುತ್ತಿದೆಯೇ ಎಂದು ಎಲ್ಲರೂ ಕೇಳುವವರೇ. ಗಣಿಯಲ್ಲಿ ಬೆಳೆದವನಿಗೆ ಹಗಲು ಕತ್ತಲಾದರೆ ಏನು ಹೊಸತು?

ಕಾರ್ಖಾನೆಯ ಮೇಸ್ತ್ರಿಯ ಹೆಸರು ಓಲಾಫ್. ಕೆಂಪು ಮುಖದ, ಮದುವೆಯಾಗದ, ಮಾತಿಗಿಂತ ಹೆಚ್ಚು ತಲೆ ಆಡಿಸುವ ಮನುಷ್ಯ. ಅವನ ಮನೆಯಲ್ಲೇ ನನಗೆ ಇರಲು ಜಾಗ. ಮನೆಯಲ್ಲಿ ಅವನು ಮತ್ತು ಅವನ ವಯಸ್ಸಾದ ತಾಯಿ, ಅಷ್ಟೆ. ನಾನು ಆ ತಾಯಿಯನ್ನು ಅಜ್ಜಿ ಎಂದೇ ಕರೆದೆ. ಅವರಿಗೆ ಅರ್ಥ ಗೊತ್ತಾಗದಿದ್ದರೂ ಓ ಎನ್ನುತ್ತಿದ್ದರು.

ಮೊದಲ ದಿನವೇ ನನ್ನ ಮಾನ ಹೋಯಿತು. ಗಣಿಯ ಆಳದಲ್ಲಿ ಗಾಳಿ ಸರಿಯಾದ ದಾರಿಯಲ್ಲಿ ಹೋಗಲೆಂದು ಅಲ್ಲಲ್ಲಿ ದಪ್ಪ ಬಾಗಿಲು ಇರುತ್ತವೆ. ಅದರ ಆಚೆಗೆ ಮೈ ಬೇಯುವ ಸೆಕೆ. ಆದ್ದರಿಂದ ಬಾಗಿಲ ಹತ್ತಿರ ಬಂದ ಕೂಡಲೇ ಅಂಗಿ ಕಳಚಿ ಗೋಡೆಯ ಮೊಳೆಗೆ ಹಾಕಿ ಒಳಗೆ ಹೋಗುವುದು ನಮ್ಮ ಪದ್ಧತಿ. ವರ್ಷಗಟ್ಟಲೆ ಮಾಡಿ ಮಾಡಿ ಅದು ಕೈಗೇ ಅಂಟಿಕೊಂಡಿತ್ತು. ಓಲಾಫ್ ಮೀನಿನ ಉಗ್ರಾಣ ತೋರಿಸಲು ಕರೆದುಕೊಂಡು ಹೋದ. ಎದುರಿಗೆ ಅಂಥದೇ ದಪ್ಪ ಬಾಗಿಲು, ಪಕ್ಕದಲ್ಲಿ ಅಂಥದೇ ಮೊಳೆ. ಅವನು ಬಾಗಿಲ ಅಗುಳಿ ತೆಗೆಯುವಷ್ಟರಲ್ಲಿ ನಾನು ಕೋಟು, ಸ್ವೆಟರ್, ಅಂಗಿ, ಬನಿಯನ್ ಎಲ್ಲ ಕಳಚಿ ಮೊಳೆಗೆ ಹಾಕಿ ಬರಿಮೈಯಲ್ಲಿ ಒಳಗೆ ನುಗ್ಗಿದ್ದೆ!

ನೀರು ಕಲ್ಲಾಗುವ ಚಳಿಗಿಂತಲೂ ಎಷ್ಟೋ ಪಟ್ಟು ಹೆಚ್ಚಿನ ಚಳಿ ಅಲ್ಲಿ. ಕೂಗೋಣವೆಂದರೆ ದನಿ ಹೊರಡಲಿಲ್ಲ. ಮೀನಿನ ಪೆಟ್ಟಿಗೆ ಜೋಡಿಸುತ್ತಿದ್ದ ಹೆಂಗಸರು ಕೆಲಸ ನಿಲ್ಲಿಸಿ ನನ್ನನ್ನೇ ನೋಡಿದರು. ತಪ್ಪಾಯಿತು ಎಂದು ಓಡಿ ಬಂದಿದ್ದರೆ ಮುಗಿಯುತ್ತಿತ್ತು. ಆದರೆ ಗಣಿಯವನ ಹಠ ನೋಡಿ, ಏನೂ ಆಗದವನ ಹಾಗೆ ಒಂದು ಸುತ್ತು ಹಾಕಿ, ಒಂದೆರಡು ಕೊಳವೆ ಮುಟ್ಟಿ ನೋಡಿ, ಹೊರಗೆ ಬಂದು ಬನಿಯನ್ ಹಾಕಿಕೊಳ್ಳಲಾರದೆ ಗಡಗಡ ನಡುಗಿದೆ. ಓಲಾಫನೇ ಮಗುವಿಗೆ ತೊಡಿಸಿದ ಹಾಗೆ ತೊಡಿಸಿದ. ಸಂಜೆಯೊಳಗೆ ಇಂಡಿಯಾದಿಂದ ಒಬ್ಬ ಯೋಗಿ ಬಂದಿದ್ದಾನೆ ಎಂದು ಊರೆಲ್ಲ ಸುದ್ದಿ. ಬ್ರೆಡ್ಡಿನ ಅಂಗಡಿಯವಳು ನನ್ನನ್ನು ಕಂಡರೆ ಕೈ ಮುಗಿಯತೊಡಗಿದಳು.

ಸೂರ್ಯ ಬಂದ ದಿನ

ಆ ದಿನ ಕಾರ್ಖಾನೆಗೆ ರಜೆ ಎಂದರು, ಯಾಕೆಂದು ನಾನು ಕೇಳಲಿಲ್ಲ. ಅಜ್ಜಿಯ ಅಡುಗೆಮನೆಯಲ್ಲಿ ಮುದ್ದೆ ಮಾಡುತ್ತಿದ್ದೆ. ಎಸರಿಗೆ ಹಿಟ್ಟು ಹಾಕಿ ಕೋಲಿನಲ್ಲಿ ತಿರುವುತ್ತಿರುವಾಗ ಢಂ ಎಂದು ಸದ್ದಾಯಿತು. ಕಿಟಕಿಯ ಗಾಜು ಅದುರಿತು. ಕಪಾಟಿನ ಲೋಟಗಳು ಕಿಣಿಕಿಣಿ ಎಂದವು.

ನಮ್ಮ ಊರಿನಲ್ಲಿ ಅಂಥ ಸದ್ದಿಗೆ ಒಂದೇ ಅರ್ಥ. ಆಳದಲ್ಲಿ ಬಂಡೆ ಸಿಡಿದಿದೆ. ಮನೆಯ ಪಾತ್ರೆಗಳು ಅದುರಿದ ಕೂಡಲೇ ಹೆಂಗಸರು ಒಲೆಯ ಮೇಲಿನದನ್ನು ಹಾಗೇ ಬಿಟ್ಟು ಬರಿಗಾಲಲ್ಲಿ ಗಣಿಯ ಬಾಯಿಗೆ ಓಡುತ್ತಾರೆ. ಅಲ್ಲಿ ಯಾರೂ ಯಾರ ಜೊತೆಗೂ ಮಾತಾಡುವುದಿಲ್ಲ. ಮೇಲೆ ಬರುವ ಒಂದೊಂದು ಮುಖವನ್ನೂ ನೋಡುತ್ತ ನಿಲ್ಲುತ್ತಾರೆ. ಅಮ್ಮನ ಸೆರಗು ಹಿಡಿದು ನಾನೂ ಎಷ್ಟೋ ಸಲ ಹಾಗೆ ನಿಂತವನು.

ಎಲ್ಲಿದ್ದೇನೆ ಎಂಬುದೇ ಮರೆತುಹೋಯಿತು. ಕೈಯಲ್ಲಿ ಮುದ್ದೆ ಕೋಲು ಹಿಡಿದೇ ಹಿಮದ ಬೀದಿಯಲ್ಲಿ ಓಡಿದೆ. ಗಣಿಯ ರಾಟೆ ಗೋಪುರ ಎಲ್ಲಿ ಎಂದು ಆಕಾಶ ನೋಡಿದೆ. ಬೀದಿಯ ತುಂಬ ಜನ ಸೇರಿದ್ದರು. ಆದರೆ ಅವರು ನಗುತ್ತಿದ್ದರು. ಮಕ್ಕಳು ಕುಣಿಯುತ್ತಿದ್ದರು. ಸಮುದ್ರದ ಅಂಚಿನಲ್ಲಿ ಕುಂಕುಮದ ಬೊಟ್ಟಿನಂತೆ ಸೂರ್ಯ ಕಂಡಿದ್ದ. ಬಹಳ ದಿನಗಳ ಮೇಲೆ ಅವನು ಪೂರ್ತಿ ಕಾಣಿಸಿದಾಗ ಆ ಊರಿನ ಹಳೆಯ ಕೋಟೆಯಿಂದ ತೋಪು ಹಾರಿಸಿ ಶಾಲೆಗೆ ರಜೆ ಕೊಡುವುದು ಅಲ್ಲಿಯ ವಾಡಿಕೆ.

ನನ್ನ ಹಿಂದೆಯೇ ಏದುಸಿರು ಬಿಡುತ್ತ ಬಂದ ಅಜ್ಜಿ ನನ್ನ ತೋಳು ಹಿಡಿದು ಆಕಾಶ ತೋರಿಸಿ ಏನೋ ಹೇಳಿದರು. "ಸೂರ್ಯ ಬಂದ, ಅಷ್ಟೇ ಎನ್ನುತ್ತಿದ್ದಾಳೆ" ಎಂದ ಜೊತೆಗಿದ್ದ ಓಲಾಫ್. ನಾನು ಹಿಮದ ಮೇಲೆ ಕುಸಿದು ಕೂತು ಅತ್ತುಬಿಟ್ಟೆ. ಅಪ್ಪ ಬದುಕಿದ್ದಾರೆ ಎಂಬ ಸಂತೋಷಕ್ಕೆ ಅತ್ತೆನೋ, ಅವರಿನ್ನೂ ಅಲ್ಲೇ ಕೆಳಗಿದ್ದಾರೆ ಎಂಬ ಭಯಕ್ಕೆ ಅತ್ತೆನೋ ಹೇಳಲಾರೆ.

ಮನೆಗೆ ಬಂದ ಮೇಲೆ ಅಪ್ಪನ ವಿಷಯ ಹೇಳಿದೆ. ಅಪ್ಪ ಆಯುಷ್ಯವನ್ನೆಲ್ಲ ನೆಲದಡಿಯಲ್ಲಿ ಕಳೆದದ್ದು, ಚಳಿಗಾಲದ ಬೆಳಗಿನ ಪಾಳಿಯಲ್ಲಿ ಸೂರ್ಯ ಮೂಡುವ ಮೊದಲೇ ಇಳಿಯುವುದು. ಓಲಾಫ್ ಒಂದೊಂದೇ ವಾಕ್ಯವನ್ನು ತಾಯಿಗೆ ತಿಳಿಸಿದ. ಅಜ್ಜಿ ಎದ್ದುಹೋಗಿ ಕೆಂಪು ಬಿಳಿ ಉಣ್ಣೆಯ ಉಂಡೆಗಳನ್ನು ತಂದು ಹೆಣೆಯಲು ಕೂತರು.

"ನಿಮ್ಮ ಅಪ್ಪನಿಗೆ ಮಫ್ಲರ್ ಅಂತೆ. ಸೂರ್ಯನೇ ಇಲ್ಲದ ಕಡೆ ಎಷ್ಟು ಚಳಿಯೋ ಪಾಪ ಎನ್ನುತ್ತಿದ್ದಾಳೆ" ಎಂದ ಓಲಾಫ್. ಅವನಿಗೆ ನಮ್ಮ ಗಣಿಯ ಸೆಕೆ ಎಷ್ಟೆಂದು ಚೆನ್ನಾಗಿ ಗೊತ್ತು. ನಾನೂ ಅವನೂ ಮುಖ ಮುಖ ನೋಡಿಕೊಂಡೆವು. ಅವನು ತಲೆ ಆಡಿಸಿದ. ನಾನೂ ಆಡಿಸಿದೆ. ಸತ್ಯ ಹೇಳುವ ಧೈರ್ಯ ಇಬ್ಬರಿಗೂ ಬರಲಿಲ್ಲ.

ಹೆಪ್ಪುಗಟ್ಟಿದ ಕೊಲ್ಲಿ

ಚಳಿಗಾಲ ಹಿಂದಾಗುವ ಮೊದಲು ಒಂದು ಭಾನುವಾರ ಓಲಾಫ್ ನನ್ನನ್ನು ಒಳಗಿನ ಕೊಲ್ಲಿಗೆ ಕರೆದುಕೊಂಡು ಹೋದ. ಅಲ್ಲಿ ಸಮುದ್ರವೇ ಕಲ್ಲಾಗಿತ್ತು. ನಮ್ಮ ಕೆರೆಯ ಏರಿಯ ಮೇಲೆ ನಡೆದ ಹಾಗೆ ಸಮುದ್ರದ ಮೇಲೆ ನಡೆದೆವು. ಅವನು ಹಿಮಕ್ಕೆ ತೂತು ಕೊರೆದು ಗಾಳದ ದಾರ ಇಳಿಬಿಟ್ಟ. ಕೊರೆಯುವ ಆ ಭಂಗಿ ನೋಡಿ ಮತ್ತೆ ಅಪ್ಪನ ನೆನಪಾಯಿತು.

ಬಹಳ ಹೊತ್ತಿನ ಮೇಲೆ ಬಂದದ್ದು ಗೇಣುದ್ದದ ಒಂದು ಮೀನು. ಕಂದು ಬೆನ್ನು, ಬೆಳ್ಳಿ ಹೊಟ್ಟೆ, ಮುಖಕ್ಕೆ ಹೆಚ್ಚಾದ ಕಣ್ಣು, ಮುಂದೆ ಚಾಚಿದ ಕೆಳದವಡೆ. ಇಷ್ಟಕ್ಕೆ ಇಷ್ಟು ಹೊತ್ತು ಕೂತೆವೇ ಎಂದು ನಾನು ನಕ್ಕೆ. ಓಲಾಫ್ ನಗಲಿಲ್ಲ. ಬಕೆಟ್ಟಿನಲ್ಲಿ ಸಮುದ್ರದ ನೀರು ತುಂಬಿ, ಅದಕ್ಕೆ ಹಿಮದ ಚೂರು ಸುರಿದು ಕಲಕಿ ಮೀನನ್ನು ಬಿಟ್ಟ. ರೇವಿನ ಆಳದಲ್ಲಿ ಹಿಡಿದು ಡಬ್ಬಿಯಲ್ಲಿ ತಂದಿದ್ದ ಬೇರೊಂದು ಮೀನನ್ನೂ ಬಿಟ್ಟ. ಆ ಬೇರೆ ಮೀನು ಒಂದೆರಡು ಸಲ ಒದ್ದಾಡಿ, ಕಟ್ಟಿಗೆಯ ಹಾಗೆ ಸೆಟೆದು ಮಗ್ಗುಲಾಯಿತು. ನಮ್ಮ ಗೇಣುದ್ದದ್ದು ಹಿಮದ ಚೂರುಗಳ ನಡುವೆ ಆರಾಮವಾಗಿ ಬಾಲ ಆಡಿಸುತ್ತಿತ್ತು.

ಯಂತ್ರದ ಕೆಲಸ ಬಲ್ಲ ನಾನು ಬೆರಗಾದೆ. ನಮ್ಮ ಯಂತ್ರಗಳ ಕೊಳವೆಯಲ್ಲಿ ಓಡುವುದು ಬರೀ ನೀರಲ್ಲ, ಗಟ್ಟಿ ಉಪ್ಪುನೀರು. ಉಪ್ಪು ಇರುವುದರಿಂದಲೇ ಅದು ಅಷ್ಟು ಚಳಿಯಲ್ಲೂ ಕಲ್ಲಾಗುವುದಿಲ್ಲ. ಈ ಮೀನಿನ ರಕ್ತದಲ್ಲೂ ಅಷ್ಟು ಉಪ್ಪೇ ಎಂದು ಕೇಳಿದೆ.

"ಅಷ್ಟು ಉಪ್ಪಿಲ್ಲವಂತೆ. ಬೇರೆ ಏನೋ ಇದೆ. ಕಾರ್ಖಾನೆಗೆ ಬರುವ ಮೀನಿನ ಪಂಡಿತರು ಇನ್ನೂ ಹುಡುಕುತ್ತಿದ್ದಾರೆ" ಎಂದ ಓಲಾಫ್. ಆ ದಿನ ಅವನಿಗೆ ಎಂದಿಲ್ಲದ ಮಾತು. "ಪುಸ್ತಕದಲ್ಲಿ ಇದರ ಕುಲದ ಹೆಸರು ಬೋರಿಯೋಗಾಡಸ್. ಉತ್ತರದ ಕಾಡ್ ಎಂದು ಅರ್ಥ. ಆ ಕುಲಕ್ಕೆ ಇದೊಂದೇ ಜಾತಿ. ಅಣ್ಣ ತಮ್ಮ ಯಾರೂ ಇಲ್ಲ. ಸೀಲ್, ತಿಮಿಂಗಿಲ, ಹಕ್ಕಿ, ಎಲ್ಲವೂ ಇದನ್ನೇ ತಿಂದು ಬದುಕುವುದು. ನಾವು ಮಾತ್ರ ಇದನ್ನು ಲೆಕ್ಕಕ್ಕೆ ಇಡುವುದಿಲ್ಲ."

ಕುಲಕ್ಕೊಂದೇ ಎಂದು ಕೇಳಿ ನನಗೆ ಬಂಗಾರಪೇಟೆ ಪ್ಲಾಟ್‌ಫಾರಂನಲ್ಲಿ ಅಮ್ಮ ಹೇಳಿದ 'ಇರಾನೊಬ್ಬ ಮಗ' ಎಂಬ ಮಾತು ನೆನಪಾಯಿತು. ಯಾಕೋ ಆ ಮೀನಿನ ಮೇಲೆ ನೆಂಟಸ್ತಿಕೆ ಹುಟ್ಟಿತು.

ಅಜ್ಜಿಗೆ ತೋರಿಸೋಣವೆಂದು ಅದನ್ನು ಬಕೆಟ್ ಸಮೇತ ಮನೆಗೆ ತಂದೆವು. ಚಳಿಯಾದೀತೆಂದು ಅಜ್ಜಿ ಬಕೆಟ್ಟನ್ನು ಒಲೆಯ ಪಕ್ಕಕ್ಕೆ ಸರಿಸಿದರು. ಕಾಫಿ ಕುಡಿದು ಎದ್ದು ನೋಡಿದರೆ ಹಿಮ ಕರಗಿ ನೀರು ಬೆಚ್ಚಗಾಗಿತ್ತು, ಮೀನು ಹೊಟ್ಟೆ ಮೇಲೆ ಮಾಡಿ ತೇಲುತ್ತಿತ್ತು. ಅಜ್ಜಿ ತಮ್ಮ ಕೈಯಿಂದಲೇ ಹೀಗಾಯಿತಲ್ಲ ಎಂದು ಆ ಸಂಜೆ ಊಟ ಮಾಡಲಿಲ್ಲ.

ಮಾರಿಕುಪ್ಪಂ

ಬೇಸಿಗೆಯಲ್ಲಿ ವಾಪಸು ಬಂದೆ. ಮಾರಿಕುಪ್ಪಂನಲ್ಲಿ ಇಳಿದಾಗ ಚಿನ್ನ ತೆಗೆದು ಉಳಿದ ಮಣ್ಣಿನ ಸೈನೈಡ್ ದಿಬ್ಬಗಳ ಬಿಳಿ ದೂಳು ಗಾಳಿಯಲ್ಲಿ ಹಾರುತ್ತಿತ್ತು. ಅದು ಕಣ್ಣಿಗೆ ಬಿದ್ದಾಗಲೂ ಹಿತವೆನಿಸಿತು.

ಮನೆಯಲ್ಲಿ ಅಪ್ಪ ಮಫ್ಲರನ್ನು ತಿರುಗಿಸಿ ತಿರುಗಿಸಿ ನೋಡಿ, ಅಜ್ಜಿ ಅದನ್ನು ಯಾಕೆ ಹೆಣೆದರೆಂದು ಕೇಳಿ ಹೊಟ್ಟೆ ಹಿಡಿದು ನಕ್ಕರು. ಮೀನಿನ ಕಥೆಗೆ ಮಾತ್ರ ನಗಲಿಲ್ಲ.

"ಪಾಪ, ಅದನ್ಯಾಕ್ಲಾ ಮನೇಗ್ ತಂದ್ರಿ? ಆ ಐಸೇ ಅದಕ್ ಮನೆ" ಎಂದರು. ಮಫ್ಲರನ್ನು ಮಡಿಸುತ್ತ, "ಅಂಗಾರೆ ಅದು ಸಮುದ್ರನ ಬೆಚ್ಚಗೆ ಮಾಡಾಕಿಲ್ಲ. ತಾನೇ ತಡ್ಕಂತೈತೆ, ಅಷ್ಟೇಯ" ಎಂದರು.

ನಾನು ಕಲಿತು ಬಂದದ್ದನ್ನೆಲ್ಲ ಯಂತ್ರಕ್ಕೆ ಸುರಿದೆ. ಕೊಳವೆಯ ಮೇಲೆ ಹಿಮ ಕಟ್ಟಿದರೆ ಅದು ಕಂಬಳಿ ಹೊದ್ದ ಹಾಗೆ, ಒಳಗಿನ ತಂಪು ಗಾಳಿಗೆ ತಾಕುವುದಿಲ್ಲ. ಹಿಮವನ್ನು ಆಗಾಗ ಕರಗಿಸಿ ಕೊಳವೆ ಚೊಕ್ಕಟವಾಗಿಡುವ ಓಲಾಫನ ಪದ್ಧತಿಯನ್ನು ಇಲ್ಲೂ ತಂದೆ. ಯಂತ್ರದ ಬಾಯಲ್ಲಿ ಗಾಳಿ ನಿಜಕ್ಕೂ ತಣ್ಣಗಾಯಿತು. ಆದರೆ ಅಪ್ಪ ಇರುವುದು ಯಂತ್ರದ ಬಾಯಲ್ಲಲ್ಲ. ಅಷ್ಟು ಆಳಕ್ಕೆ ಇಳಿಯುವ ದಾರಿಯುದ್ದಕ್ಕೂ ಬಂಡೆ ಅದನ್ನು ಕಾಯಿಸುತ್ತಲೇ ಇತ್ತು. ಉಷ್ಣಮಾಪಕ ಹಿಡಿದು ನಾನೇ ಕೆಳಗೆ ಹೋಗಿ ನೋಡಿದೆ. ಪಾದರಸ ಇಳಿದದ್ದು ಒಂದೆಳೆ, ಮೈಗೆ ಗೊತ್ತಾಗುವಷ್ಟಲ್ಲ. ಅಪ್ಪನ ರಿಟೈರ್ ದಿನ ಹತ್ತಿರ ಬಂದಂತೆ ನನಗೆ ಊಟ ಸೇರದಾಯಿತು. ಅವರು ಆ ವಿಷಯ ಒಂದು ಸಲವೂ ಕೇಳಲಿಲ್ಲ. ಕೇಳದೆ ಇದ್ದದ್ದೇ ಹೆಚ್ಚು ಸಂಕಟ.

ಅವರ ಕೊನೆಯ ಪಾಳಿಯ ದಿನ ಹೂವಿನ ಹಾರ ಹಿಡಿದು ಗಣಿಯ ಬಾಯಲ್ಲಿ ಕಾದಿದ್ದೆ. ಆಳುಗಳನ್ನು ಏರಿಸಿ ಇಳಿಸುವ ತೊಟ್ಟಿಲು ಮೇಲೆ ಬಂತು. ಕಂಬಿಯ ಬಾಗಿಲು ತೆರೆಯಿತು. ಮೊದಲು ಬಂದವರು ಅಪ್ಪ. ಮೈಮೇಲೆ ಅಂಗಿಯಿಲ್ಲ, ಕುತ್ತಿಗೆಗೆ ಮಾತ್ರ ಗಟ್ಟಿಯಾಗಿ ಸುತ್ತಿದ ಕೆಂಪು ಬಿಳಿ ಮಫ್ಲರ್! ಬುತ್ತಿಯ ಬಟ್ಟೆಯಲ್ಲಿ ಮುಚ್ಚಿಟ್ಟುಕೊಂಡು ಹೋಗಿದ್ದರಂತೆ. ಎರಡೂ ಕೈ ಎದೆಗೆ ಕಟ್ಟಿಕೊಂಡು, ಹಲ್ಲು ಕಟಕಟ ಕಡಿಯುತ್ತಿದ್ದರು. ಹಿಂದೆ ಅವರ ಗುಂಪಿನವರು, ಮಸಿ ಬೆವರು ಸೇರಿ ಮಿಂಚುವ ಮೈಯವರು, ಎಲ್ಲರೂ ಹಾಗೇ ನಡುಗುತ್ತಿದ್ದರು. "ಅಯ್ಯೋ ಸಾಮಿ, ಎನ್ನಾ ಕುಳಿರು!" ಎಂದು ಅಪ್ಪನ ಜೊತೆಗಾರ ತಮಿಳಿನಲ್ಲಿ ಕೂಗಿದ. "ಚಲಿ, ಚಲಿ!" ಎಂದು ಇನ್ನೊಬ್ಬ ತೆಲುಗಿನಲ್ಲಿ ಮೈ ಉಜ್ಜಿಕೊಂಡ.

"ಏನಪ್ಪಾ ಇದು?" ಎಂದೆ.

"ಏನ್ ಗಾಳಿ ಕಳಿಸ್ದೆ ಕಣ್ಲಾ! ಸಳೀಗೆ ಸತ್ತೋಗ್ತಿದ್ದೆ. ಆ ಅಜ್ಜಿ ಪುಣ್ಯ, ಬದ್ಕೊಂಡೆ" ಎಂದರು. ಹಾರ ಹಾಕುವಾಗ ನೋಡಿದೆ. ಮಫ್ಲರಿನ ಅಂಚಿನ ಕೆಳಗೆ ಕುತ್ತಿಗೆ ಬೆವರುಸಾಲೆ ಎದ್ದು ಕೆಂಪಗೆ ಉರಿಯುತ್ತಿತ್ತು. ನಾನು ಅವರನ್ನು ತಬ್ಬಿಕೊಂಡೆ. ದೊಡ್ಡವನಾದ ಮೇಲೆ ತಬ್ಬಿಕೊಂಡಿರಲಿಲ್ಲ.

ಸಂಜೆ ಅಮ್ಮ ಹಿತ್ತಲಿನ ಕಲ್ಲಿನ ಹತ್ತಿರ ಆ ಮಫ್ಲರನ್ನು ಒಗೆಯಲೆಂದು ಎತ್ತಿಕೊಂಡಳು. ಇನ್ನೂ ನೀರಿಗೇ ಹಾಕಿರಲಿಲ್ಲ. ಭಾರವಾಗಿದೆಯಲ್ಲ ಎಂದು ಸುಮ್ಮನೆ ಒಮ್ಮೆ ಹಿಂಡಿದಳು. ದಳದಳನೆ ಕಲ್ಲಿನ ಮೇಲೆ ಸುರಿಯಿತು.

"ಸಳಿ ಸಳಿ ಅಂತ ಕುಣಿದ್ರಲ್ಲ, ಮತ್ತೆ ಈಪಾಟಿ ಬೆವ್ರು ಎಲ್ಲಿಂದ್ ಬಂತು?" ಎಂದು ಅಪ್ಪನನ್ನು ಕೇಳಿದಳು.

ಜಗಲಿಯ ಮೇಲೆ ಕೂತಿದ್ದ ಅಪ್ಪ ನನ್ನ ಕಡೆ ನೋಡದೆ ಬೀಡಿ ಹಚ್ಚಿದರು.

"ಬೆವ್ರಲ್ಲ ಕಣೆ ಅದು. ಐಸು ಕರಗೈತೆ."